ಹೊರೆ ಹೊತ್ತವರೇ ಹೇಳಿದ ಪರ್ವತದ ಪುಸ್ತಕ ಯಾವುದಾದರೂ ಇದೆಯಾ?

ತೋಟದ ರೈಟರ್ (ಆಲ್ದೂರು):

ಎಲ್ಲರಿಗೂ ನಮಸ್ಕಾರ. ನಾನು ಆಲ್ದೂರಿನ ಹತ್ತಿರ ಒಂದು ಕಾಫಿ ತೋಟದಲ್ಲಿ 19 ವರ್ಷದಿಂದ ರೈಟರ್. ಜುಲೈ ಮಳೆಯಲ್ಲಿ ಕಣದ ಪಾಚಿಯ ಮೇಲೆ ಜಾರಿ ಬಿದ್ದು ಪಾದದ ಗಂಟು ಮುರಿದುಕೊಂಡೆ. ಆರು ವಾರ ಪ್ಲಾಸ್ಟರ್. ಜಗಲಿಯಲ್ಲಿ ಕೂತು ಮಳೆ ನೋಡುವುದು ಬಿಟ್ಟರೆ ಬೇರೆ ಕೆಲಸವಿಲ್ಲ. ಪಕ್ಕದ ಹೋಂಸ್ಟೇಯಲ್ಲಿ ಯಾರೋ ಬಿಟ್ಟು ಹೋದ ಒಂದು ಇಂಗ್ಲಿಷ್ ಪುಸ್ತಕವನ್ನು ಮಗಳು ತಂದುಕೊಟ್ಟಳು. ಮಾರಿಸ್ ಹರ್ಜೋಗ್ ಬರೆದ 'ಅನ್ನಪೂರ್ಣ'. ದಿನಕ್ಕೆ ಎಂಟು ಪುಟದ ಲೆಕ್ಕದಲ್ಲಿ, ಡಿಕ್ಷನರಿ ಪಕ್ಕದಲ್ಲಿಟ್ಟುಕೊಂಡು ಮುಗಿಸಿದೆ.

1950ರ ಜೂನ್ 3ರಂದು ಹರ್ಜೋಗ್ ಮತ್ತು ಜೊತೆಗಾರ ಲಾಷೆನಾಲ್ ನೇಪಾಳದ ಅನ್ನಪೂರ್ಣ ಪರ್ವತದ 8,091 ಮೀಟರ್ ತುದಿ ಮುಟ್ಟುತ್ತಾರೆ. 8,000 ಮೀಟರಿಗಿಂತ ಎತ್ತರದ ಶಿಖರವನ್ನು ಮನುಷ್ಯ ಹತ್ತಿದ್ದು ಅದೇ ಮೊದಲು. ಇಳಿಯುವಾಗ ಹರ್ಜೋಗ್ ಕೈಗವಸು ಜಾರಿ ಹೋಗುತ್ತದೆ. ಆಮೇಲಿನದೇ ನಿಜವಾದ ಪುಸ್ತಕ. ಕೈಕಾಲು ಹೆಪ್ಪುಗಟ್ಟಿ ಕೊಳೆಯುತ್ತವೆ. ಮುಂಗಾರು ಶುರುವಾಗುತ್ತದೆ. ಶೆರ್ಪಾಗಳು, ಕೂಲಿಯವರು ಅವರನ್ನು ಬೆನ್ನ ಮೇಲೆ ಹೊತ್ತು ಕೆಳಗಿಳಿಸುತ್ತಾರೆ. ದಾರಿಯುದ್ದಕ್ಕೂ ಡಾಕ್ಟರು ಬೆರಳು ಕತ್ತರಿಸುತ್ತಾ ಬರುತ್ತಾರೆ. ಕಾಲು ಕಟ್ಟಿಕೊಂಡು ಕೂತವನು ಓದುವಂಥದ್ದಲ್ಲ ಮಾರಾಯ್ರೆ, ಆದರೂ ಬಿಡಲಾಗಲಿಲ್ಲ.

ಈಗ ನನ್ನ ಪ್ರಶ್ನೆ. ನನ್ನ ಕೆಲಸ ಚೆಕ್‌ರೋಲ್ ಬರೆಯುವುದು. ಯಾರು ಬಂದರು, ಯಾರದ್ದು ಅರ್ಧ ದಿನ, ಯಾರು ಎಷ್ಟು ಕೆಜಿ ಕೊಯ್ದರು. ಒಂದು ಹೆಸರು ತಪ್ಪಿದರೂ ಸಂಜೆ ಜಗಳ ಗ್ಯಾರಂಟಿ. ಹಾಗಾಗಿ ಏನು ಓದಿದರೂ ಕಣ್ಣು ಹೆಸರಿನ ಮೇಲೇ ಹೋಗುತ್ತದೆ. ಹರ್ಜೋಗ್ ಶೆರ್ಪಾಗಳ ಹೆಸರು ಹೇಳುತ್ತಾರೆ, ಹೊಗಳುತ್ತಾರೆ ಕೂಡ. ಶೆರ್ಪಾಗಳ ಮುಖ್ಯಸ್ಥ, ಅಂದರೆ ಸರ್ದಾರ್, ಆಂಗ್ ಥಾರ್ಕೆಯನ್ನು ತುದಿಗೆ ಬಾ ಅಂತ ಕರೆದರೆ ಅವರು ಕಾಲು ಮರಗಟ್ಟುತ್ತಿದೆ ಅಂತ ಬೇಡ ಅನ್ನುತ್ತಾರೆ. ಆಗ ಅವರ ಮನಸ್ಸಿನಲ್ಲಿ ಏನಿತ್ತು? ಊರೂರಿಂದ ಬಂದು ಹೊರೆ ಹೊತ್ತ ಕೂಲಿಯವರಂತೂ ಬರೀ ಗುಂಪು. ಇಂಥವರೇ ತಮ್ಮ ಕಥೆ ಹೇಳಿಕೊಂಡ ಪುಸ್ತಕ ಇದ್ದರೆ ತಿಳಿಸಿ. ತೇಜಸ್ವಿಯವರ 'ಮಹಾಪಲಾಯನ' ಮೂರು ಸಲ ಓದಿದ್ದೇನೆ, ಅದನ್ನು ಹೇಳಬೇಡಿ. ಅದು ತಪ್ಪಿಸಿಕೊಂಡು ಓಡಿದವರ ಕಥೆ, ಹತ್ತಿದವರದ್ದಲ್ಲ.

ಹೇಮಾವತಿ ದಂಡೆ (ಹಾಸನ):

ರೈಟರ್ ಸಾರ್, ಕಾಲು ಬೇಗ ವಾಸಿಯಾಗಲಿ. ತೇನ್‌ಸಿಂಗ್ ಅವರದ್ದರಿಂದ ಶುರು ಮಾಡಿ. ಅವರಿಗೆ ಓದು ಬರಹ ಬರುತ್ತಿರಲಿಲ್ಲ. ಜೇಮ್ಸ್ ರಾಮ್ಸೆ ಉಲ್ಮನ್ ಅನ್ನುವ ಅಮೆರಿಕದ ಲೇಖಕರಿಗೆ ಹೇಳಿ ಬರೆಸಿದರು. ಪುಸ್ತಕ ಬಂದಿದ್ದು 1955ರಲ್ಲಿ, ಹೆಸರು 'ಟೈಗರ್ ಆಫ್ ದಿ ಸ್ನೋಸ್'. ಎವರೆಸ್ಟ್ ತುದಿಗೆ ಮೊದಲು ಕಾಲಿಟ್ಟವರು ಯಾರು ಅಂತ ಆಗ ಊರೆಲ್ಲ ಗಲಾಟೆ. ಹಿಲರಿ ಮೊದಲು, ನಾನು ಹಿಂದೆ ಅಂತ ಅದರಲ್ಲಿ ನೇರವಾಗಿ ಹೇಳಿಬಿಟ್ಟಿದ್ದಾರೆ.

ನನಗೆ ಅದಕ್ಕಿಂತ ಹಿಡಿಸಿದ್ದು 1952ರ ಭಾಗ. ಸ್ವಿಸ್ ತಂಡದ ರೇಮಂಡ್ ಲ್ಯಾಂಬರ್ಟ್ ಜೊತೆ ತುದಿಯ ಹತ್ತಿರ ಹೋಗಿ ವಾಪಸ್ ಬರುತ್ತಾರೆ. ಇಬ್ಬರಿಗೂ ಒಬ್ಬರ ಭಾಷೆ ಇನ್ನೊಬ್ಬರಿಗೆ ಸರಿಯಾಗಿ ಬರಲ್ಲ. ಆದರೂ ಎಂಥಾ ಸ್ನೇಹ! ಮುಂದಿನ ವರ್ಷ ಎವರೆಸ್ಟ್ ತುದಿಯಲ್ಲಿ ತೇನ್‌ಸಿಂಗ್ ಕತ್ತಿನಲ್ಲಿ ಇದ್ದದ್ದು ಲ್ಯಾಂಬರ್ಟ್ ಕೊಟ್ಟ ಕೆಂಪು ಸ್ಕಾರ್ಫ್. ನನ್ನ ಹತ್ತಿರ ಹಳೇ ಪ್ರತಿ ಇದೆ. ರಟ್ಟು ಹೋಗಿದೆ, ಪುಟ ಎಲ್ಲ ಇವೆ.

ಗಿರಿ ಜೀಪು (ಚಿಕ್ಕಮಗಳೂರು):

ಮುಳ್ಳಯ್ಯನಗಿರಿಗೆ ಜೀಪಲ್ಲಿ ಹೋಗಿ, ಉಳಿದ ಮೆಟ್ಟಿಲು ಹತ್ತಿ, 'ಕರ್ನಾಟಕದ ಎತ್ತರದ ಶಿಖರ ಗೆದ್ದೆ' ಅಂತ ಫೋಟೋ ಹಾಕುವವರನ್ನು ದಿನಾ ಕರೆದುಕೊಂಡು ಹೋಗುತ್ತೇನೆ. ಡ್ರೈವರ್ ಹೆಸರು ಒಬ್ಬರೂ ಹಾಕಲ್ಲ ಬಿಡಿ!

ಆದರೂ ಒಂದು ಮಾತು ಅಣ್ಣ. ಹೊರೆ ಹೊತ್ತವರ ಲೆಕ್ಕ ಅಂತ ಹೊರಟರೆ ಓದುವ ಮಜಾ ಹೋಗುತ್ತದೆ. ಜಾನ್ ಕ್ರಾಕೌರ್ ಬರೆದ 'ಇಂಟು ಥಿನ್ ಏರ್' ಓದಿ. 1996ರ ಮೇ ತಿಂಗಳಲ್ಲಿ ಎವರೆಸ್ಟ್ ಮೇಲೆ ಬಿರುಗಾಳಿಗೆ ಸಿಕ್ಕಿ ಎಂಟು ಜನ ಸತ್ತ ಕಥೆ. ಒಂದೇ ರಾತ್ರಿಯಲ್ಲಿ ಮುಗಿಸಿದೆ.

ಬಿಸಿಲೆ ಮಳೆ (ಸಕಲೇಶಪುರ):

ಜೀಪಣ್ಣ, ಅದನ್ನು ಓದಿದರೆ ಅನಾತೋಲಿ ಬುಕ್ರೀವ್ ಬರೆಸಿದ 'ದಿ ಕ್ಲೈಂಬ್' ಕೂಡ ಓದಬೇಕು. ಅದೇ ಬಿರುಗಾಳಿ, ಬೇರೆ ಲೆಕ್ಕ. ಕ್ರಾಕೌರ್ ತಪ್ಪು ಹುಡುಕಿದ್ದು ಅಲ್ಲಿ ಗೈಡ್ ಆಗಿದ್ದ ಈ ಬುಕ್ರೀವ್‌ನಲ್ಲೇ. ಅದೇ ಗೈಡ್ ರಾತ್ರಿ ಬಿರುಗಾಳಿಯಲ್ಲಿ ಒಬ್ಬನೇ ಹೋಗಿ ಮೂವರನ್ನು ಕರೆತಂದ. ಒಂದೇ ಪುಸ್ತಕ ಓದಿ ತೀರ್ಪು ಕೊಡಬಾರದು.

ರೈಟರ್ ಸಾರ್, ನೀವು ಕೇಳಿದ್ದು ಇದೆ. ಆಂಗ್ ಥಾರ್ಕೆ ತಮ್ಮ ಕಥೆ ತಾವೇ ಹೇಳಿ ಬರೆಸಿದ್ದಾರೆ. ಮೊದಲು 1954ರಲ್ಲಿ ಫ್ರೆಂಚ್‌ನಲ್ಲಿ ಬಂತು. ಇಂಗ್ಲಿಷ್‌ಗೆ ಬರಲು 2016ರವರೆಗೆ ಕಾಯಬೇಕಾಯಿತು. ಅರವತ್ತಕ್ಕೂ ಜಾಸ್ತಿ ವರ್ಷ! 1934ರಲ್ಲಿ ಬ್ರಿಟಿಷ್ ಪರ್ವತಾರೋಹಿಗಳಾದ ಶಿಪ್ಟನ್, ಟಿಲ್ಮನ್ ಜೊತೆ ನಂದಾದೇವಿಯ ಬುಡಕ್ಕೆ ದಾರಿ ಹುಡುಕಿದವರಲ್ಲಿ ಇವರೂ ಒಬ್ಬರು.

ಇನ್ನೊಂದು 'ಬರೀಡ್ ಇನ್ ದಿ ಸ್ಕೈ'. ಬರೆದವರು ಹೊರಗಿನವರು, ಆದರೆ ಕಥೆ ಪೂರ್ತಿ ಶೆರ್ಪಾಗಳ ಮತ್ತು ಪಾಕಿಸ್ತಾನದ ಪೋರ್ಟರ್‌ಗಳ ಕಡೆಯಿಂದ. 2008ರ ಆಗಸ್ಟ್‌ನಲ್ಲಿ ಕೆ2 ಶಿಖರದ ಮೇಲೆ 11 ಜನ ಸತ್ತರಲ್ಲ, ಅದು. ಪಸಾಂಗ್ ಲಾಮಾ ಅನ್ನುವ ಶೆರ್ಪಾ ತನ್ನ ಐಸ್ ಕೊಡಲಿಯನ್ನು ಬೇರೆಯವರಿಗೆ ಬಿಟ್ಟುಕೊಟ್ಟಿದ್ದ. ಕತ್ತಲು, ಕಡಿದಾದ ಮಂಜು, ಕೈ ಖಾಲಿ. ಇನ್ನೊಬ್ಬ ಶೆರ್ಪಾ ಛಿರಿಂಗ್ ದೋರ್ಜೆ ಅವನನ್ನು ತನ್ನ ಸೊಂಟಕ್ಕೆ ಕಟ್ಟಿಕೊಂಡು, ಒಂದೇ ಕೊಡಲಿಯಲ್ಲಿ ಇಬ್ಬರೂ ಇಳಿದರು. ಇಲ್ಲಿ ನಾನು ಪುಸ್ತಕ ಮುಚ್ಚಿಟ್ಟು ಎದ್ದು ಓಡಾಡಿದೆ.

ಹೆಸರಿನ ವಿಷಯ ಬಂತಲ್ಲ, ನಿಮಗೆ ಖುಷಿಯಾಗಬಹುದು. ಶೆರ್ಪಾಗಳಲ್ಲಿ ಹುಟ್ಟಿದ ವಾರದ ಹೆಸರನ್ನೇ ಇಡುವುದು ಜಾಸ್ತಿ. ದಾವಾ ಅಂದರೆ ಸೋಮವಾರ, ಪಸಾಂಗ್ ಶುಕ್ರವಾರ, ನಿಮಾ ಭಾನುವಾರ. ಒಂದು ತಂಡದಲ್ಲಿ ಮೂರು ಪಸಾಂಗ್ ಇದ್ದರೆ ಚೆಕ್‌ರೋಲ್ ಹೇಗೆ ಬರೆಯುತ್ತೀರಿ?

ತೋಟದ ರೈಟರ್ (ಆಲ್ದೂರು):

ಅದೇನು ಕಷ್ಟ ಮೇಡಂ, ನಮ್ಮಲ್ಲೂ ಮೂರು ಮಂಜುನಾಥ ಇದ್ದಾರೆ. ಗಡ್ಡದ ಮಂಜು, ಸಣ್ಣ ಮಂಜು, ಬಾಳೆಹೊನ್ನೂರು ಮಂಜು. ಸಂಬಳದ ದಿನ ಮೂವರೂ ಒಟ್ಟಿಗೆ ನಿಲ್ಲುತ್ತಾರೆ, ಒಬ್ಬರ ದುಡ್ಡು ಇನ್ನೊಬ್ಬರಿಗೆ ಹೋಗದಿರಲಿ ಅಂತ.

ಆಂಗ್ ಥಾರ್ಕೆ ಪುಸ್ತಕ ತರಿಸಲು ಮಗಳಿಗೆ ಹೇಳಿದ್ದೇನೆ. ಜೀಪಣ್ಣ, ನಿನ್ನ ಹೆಸರು ಹೇಳು, ಮುಂದಿನ ಸಲ ಗಿರಿಗೆ ಬಂದಾಗ ಫೋಟೋ ಜೊತೆ ಹಾಕುತ್ತೇನೆ. ಹಾಸನದವರೇ, ನಿಮ್ಮ ತೇನ್‌ಸಿಂಗ್ ಪುಸ್ತಕ ಒಂದು ತಿಂಗಳಿಗೆ ಎರವಲು ಕೊಡುತ್ತೀರಾ? ಗಡ್ಡದ ಮಂಜು ಸೋಮವಾರ ಮಗಳನ್ನು ಹಾಸ್ಟೆಲಿಗೆ ಬಿಡಲು ಹಾಸನಕ್ಕೆ ಬರುತ್ತಾನೆ. ಬಸ್‌ಸ್ಟ್ಯಾಂಡಿನಲ್ಲಿ ಅವನ ಕೈಗೆ ಕೊಟ್ಟರೆ ಸಾಕು, ಜೋಪಾನವಾಗಿ ತರುತ್ತಾನೆ. ಗಡ್ಡ ಈಗ ಬೋಳಿಸಿದ್ದಾನೆ, ಹೆಸರು ಕೇಳಿಯೇ ಕೊಡಿ.