ಮುಳ್ಳಿಗೆ ಕಟ್, ಗ್ಲಾಸಿಗೆ ಎಂಟ್ರಿ

“ನಲವತ್ತು ಸೆಕೆಂಡ್ ನೋಡ್ರಿ ಮಾಸ್ತರ, ಬರೇ ನಲವತ್ತು ಸೆಕೆಂಡ್!”

ಸಂತು ಮೊಬೈಲನ್ನು ನೀರಿನ ಜಗ್ಗಿಗೆ ಆನಿಸಿ ನಿಲ್ಲಿಸಿದ. ಒಗ್ಗರಣಿ ಪ್ಲೇಟುಗಳನ್ನು ಅತ್ತ ಸರಿಸಿ ಎಲ್ಲರೂ ಬಗ್ಗಿದರು. ಬಿಳಿ ಬಟ್ಟಲಲ್ಲಿ ಡಬಗಳ್ಳಿ ಹಣ್ಣು, ಅಂದರೆ ಪಾಪಾಸುಕಳ್ಳಿಯದು. ಹುಡುಗಿ ಚಿಟಿಕೆ ಹೊಡೆದಳು. ಉದ್ದ ಕಾಲಿನ ಗ್ಲಾಸು, ಅಂಚಿಗೆ ಉಪ್ಪು, ಒಳಗೆ ರಾಣಿ ಬಣ್ಣದ ಮಾರ್ಗರಿಟಾ, ಟಕೀಲಾ ಅನ್ನುವ ಮದ್ಯದ ಕಾಕ್‌ಟೇಲ್.

“ಚಿಟಿಕಿ ಹೊಡದ್ಲಲ್ಲ, ಅಲ್ಲಿ ನಿಲ್ಸು,” ಅಂದ ಪಂಪಣ್ಣ. “ಹಾಂ. ಈ ಚಿಟಿಕಿಯೊಳಗ ಎರಡು ತಾಸಿನ ಕೆಲಸ ಐತಿ. ಮುಳ್ಳೆಲ್ಲ ಅಲ್ಲೇ ಬಿದ್ದಾವು.”

“ಮುಳ್ಳು ಕಣ್ಣಿಗೆ ಕಾಣ್ತಾವಲ್ಲ ಪಂಪಣ್ಣ, ತಗದ್ರ ಆತು.”

“ಕಾಣೋ ಮುಳ್ಳು ಮರ್ಯಾದಸ್ಥ. ಹೇಳಿ ಚುಚ್ಚತೈತಿ. ಹಣ್ಣಿನ ಮ್ಯಾಲೆ ಚುಕ್ಕಿ ಚುಕ್ಕಿ ಇರ್ತಾವಲ್ಲ, ಅದರಾಗ ಕೂದಲಕಿಂತ ಸಣ್ಣವು ಗುಂಪುಗುಂಪಾಗಿ ಕುಂತಿರ್ತಾವು. ಅವಕ್ಕ ಹಿಮ್ಮುಖ ಕೊಕ್ಕಿ. ಒಳಗ ಹೋಗಾಕ ದಾರಿ ಐತಿ, ಹೊರಗ ಬರಾಕ ಇಲ್ಲ. ಬೆಳಿಗ್ಗೆ ಹಣ್ಣು ಮುಟ್ಟಿದ್ದು ಸಂಜಿಗೆ ಅಂಗಿ ಗುಂಡಿ ಹಾಕ್ಕೊಳ್ಳೊವಾಗ ನೆನಪಾಗತೈತಿ.”

“ಚುಚ್ಚಿದ್ರ ಬಾಯಾಗ ಹಾಕ್ಕೊಂಡು ಚೀಪಿದ್ರ ಬರಂಗಿಲ್ಲೇನು?” ಅಂದರು ಮಾಸ್ತರು.

“ಬರ್ತಾವ ಮಾಸ್ತರ, ನಾಲಿಗಿಗೆ ಬರ್ತಾವ. ಮೊದ್ಲು ಚಿಮಟಾದಿಂದ ಸಿಕ್ಕಷ್ಟು ಕೀಳಬೇಕು. ಉಳದದ್ದಕ್ಕ ಫೆವಿಕಾಲ್ ದಪ್ಪಗ ಹಚ್ಚಿ, ಮ್ಯಾಲೆ ತೆಳ್ಳನ ಬಟ್ಟಿ ಅಂಟಿಸಿ, ಪೂರಾ ಒಣಗಿದ ಮ್ಯಾಲೆ ಸುಲದು ತಗೀಬೇಕು. ಫೆವಿಕಾಲ್ ಇಲ್ಲದ ಮನ್ಯಾಗ ಈ ಮಾರ್ಗರಿಟಾ ಮಾಡಬಾರದು. ಆ ಹುಡುಗಿ ಸಾಮಾನಿನ ಪಟ್ಟಿಯೊಳಗ ಅದನ್ನ ಬರದಾಳೇನು?”

ಸಂತು ಪಟ್ಟಿ ನೋಡಿದ. ಇರಲಿಲ್ಲ.

“ನಾವು ಉಸುಕಿನ್ಯಾಗ ಹಾಕಿ ಚಪ್ಲಿಲೆ ಹೊರಳಿಸಿ ತಿಂತಿದ್ವಿ,” ಅಂದ ಖಾದರ್ ಭಾಯಿ. ಅವನು ಕುಡಿಯುವವನಲ್ಲ. ಆದರೆ ಹಣ್ಣಿನ ಮಾತು ಬಂದರೆ ಅವನದೂ ಒಂದು ಪಾಲು.

“ಅದೇ ಪದ್ಧತಿ ಖಾದರ್ ಭಾಯಿ, ಅಡಿಗಿಮನ್ಯಾಗ ಚಪ್ಲಿ ತರಾಕ ಬರಂಗಿಲ್ಲ ಅಷ್ಟೆ. ಇಕ್ಕಳದಾಗ ಹಿಡದು ಗ್ಯಾಸಿನ ಉರಿ ಮ್ಯಾಲೆ ಹತ್ತು-ಹದಿನೈದು ಸೆಕೆಂಡ್ ತಿರುವಬೇಕು. ಚಿಟಚಿಟ ಅಂತ ಸುಟ್ಟು ಹೋಗ್ತಾವು. ಸಿಪ್ಪಿ ಬೇಯಬಾರದು. ಆಮ್ಯಾಲೆ ಹಸಿ ಗೋಣಿತಟ್ಟಿನ್ಯಾಗ ತಿಕ್ಕಿ, ಬಕೀಟಿನ ನೀರಾಗ ಎರಡು ಸಲ ತೊಳೀಬೇಕು. ಮತ್ತ ಫ್ಯಾನ್ ಬಂದ್ ಇರಬೇಕು. ಗಾಳಿಗೆ ಹಾರಿ ಕಣ್ಣಿಗೆ ಬಿದ್ರ ಅದಕ್ಕ ಫೆವಿಕಾಲ್ ಹಚ್ಚಾಕ ಬರಂಗಿಲ್ಲ.”

“ನಮ್ಮೂರ ಸೆಕಿಯೊಳಗ ಫ್ಯಾನ್ ಬಂದ್ ಮಾಡಿ ಗ್ಯಾಸ್ ಮುಂದ ನಿಂದ್ರೋದು!” ಮಾಸ್ತರು ಹಣೆ ಒರೆಸಿಕೊಂಡರು. ಬರೀ ಕೇಳಿಯೇ ಬೆವರು ಬಂದಿತ್ತು.

“ಅದೂ ಚಿಟಿಕಿಯೊಳಗ ಬಂತು ಮಾಸ್ತರ. ಇನ್ನ ಹಣ್ಣಿನ ತಲಿ ಕಡೆ ಗುಳಿ ಇರತೈತಿ, ಅಲ್ಲಿ ಮುಳ್ಳಿನ ಇನ್ನೊಂದು ಸಂಸಾರ. ಉರಿ ಅಲ್ಲಿಗೆ ಮುಟ್ಟಂಗಿಲ್ಲ. ಅದಕ್ಕ ಎರಡೂ ತುದಿ ದಪ್ಪಗ ಕೊಯ್ದು ಒಗೀಬೇಕು. ವಿಡಿಯೋದಾಗಿಂದು ಪ್ಯಾಟಿ ಹಣ್ಣು, ದೊಡ್ಡದು. ಉದ್ದಕ ಒಂದು ಗೀರು ಹಾಕಿದ್ರ ಸಿಪ್ಪಿ ಕಂಬಳಿ ತಗದಂಗ ಬರತೈತಿ. ನಮ್ಮ ಬೇಲಿದು ಸಣ್ಣದು. ಅಡ್ಡ ಸೀಳಿ ಚಮಚಾದಿಂದ ಕೆರದು ತಗೀಬೇಕು. ಇಪ್ಪತ್ತು ಹಣ್ಣಿಗೆ ಒಂದು ಚಾದ ಕಪ್ಪು ರಸ ಬಂದ್ರ ಪುಣ್ಯ.”

“ಮಿಕ್ಸರಿಗೆ ಹಾಕಿ ಗರ್ ಅನ್ನಿಸಿದ್ರ—”

“ಬೀಜ ಒಡೀತಾವು. ಕಲ್ಲಿನಂಥ ಬೀಜ. ಒಡದ್ರ ರಸ ಒಗರು, ಬಾಯಾಗ ಉಸುಕು. ಕೈಗೆ ಪ್ಲಾಸ್ಟಿಕ್ ಹಾಕ್ಕೊಂಡು ಹಿಚುಕು, ಇಲ್ಲ ಬ್ಯಾಳಿ ಮಸಿಯೋ ಪಪ್ಪು ಗುತ್ತಿಲೆ ಮೆಲ್ಲಗ ಮಸಿ. ಚಾ ಸೋಸೋ ಜಾಳಿಗಿ ನಡೆಯಂಗಿಲ್ಲ, ಉಳದ ಮುಳ್ಳು ಅದರಾಗ ಸೀದಾ ಪಾರಾಗ್ತಾವು. ಮಲ್ ಬಟ್ಟಿ ನಾಕು ಪದರು ಮಡಚಿ ಎರಡು ಸಲ ಸೋಸಬೇಕು. ಹಿಂಡಬ್ಯಾಡ, ತಾನೇ ಇಳೀಲಿ. ಹಿಂಡಿದ್ರ ಲೋಳಿ ಬರತೈತಿ. ತಾಸೊತ್ತು ಫ್ರಿಜ್ಜಿನ್ಯಾಗ ಇಟ್ರ ದಪ್ಪಂದು ತಳಕ್ಕ ಕೂಡತೈತಿ, ಮ್ಯಾಲಿಂದು ಬಗ್ಗಿಸ್ಕೋ.”

“ಕುದಿಸಿ ಪಾಕ ಮಾಡಿಟ್ರ ತಿಂಗಳು ಬರಬೋದಲ್ಲ?”

“ಬರಬೋದು, ಬಣ್ಣ ಬರಂಗಿಲ್ಲ. ಬೀಟ್‌ರೂಟಿನೊಳಗ ಇರೋ ಬಣ್ಣದ ಜಾತಿನೇ ಇದು. ಬಹಳ ಹೊತ್ತು ಕುದಿಸಿದ್ರ ರಾಣಿ ಹೋಗಿ ಕಂದು ಬಂದು ಕೂಡತೈತಿ. 150 ಎಂಎಲ್ ರಸಕ್ಕ 100 ಗ್ರಾಂ ಸಕ್ರಿ. ಸಣ್ಣ ಉರಿ, ಬೆಟ್ಟಿಟ್ರ ತಡಕೊಳ್ಳೋವಷ್ಟು ಬಿಸಿ. ಸಕ್ರಿ ಕರಗಿದ ಕೂಡಲೇ ಇಳಿಸಿ ಅರ್ಧ ಲಿಂಬಿಹಣ್ಣು ಹಿಂಡು, ಬಣ್ಣ ನಿಂದ್ರತೈತಿ. ಫ್ರಿಜ್ಜಿನ್ಯಾಗ ಐದಾರು ದಿನ. ಹುಳಿ ವಾಸನಿ ಬಂದ್ರ ಚೆಲ್ಲು.”

ಖಾದರ್ ಭಾಯಿ ಮಿರ್ಚಿ ಮುರಿದ. “ಇಲ್ಲಿಗೆ ಶರಬತ್ ಆತಲ್ಲ ಪಂಪಣ್ಣ. ನೀರು, ಲಿಂಬಿ, ಚೂರು ಉಪ್ಪು ಹಾಕಿ ನನಗ ಕೊಟ್ಟುಬಿಡು. ಮುಂದಿನ ಹೈರಾಣ ನಿಮಗಿರಲಿ.”

“ಮುಂದಿಂದೇ ಮಜಾ!” ಸಂತು ಕುರ್ಚಿ ಮುಂದೆ ಎಳೆದುಕೊಂಡ. “ಟಕೀಲಾ ಅಂದ್ರ ಕತ್ತಾಳಿದು. ನಮ್ಮ ಹೊಲದ ಬದುವಿನ ಮ್ಯಾಲೆ ಎಷ್ಟು ಬೇಕು ಅಷ್ಟು ಕತ್ತಾಳಿ. ಕಳ್ಳಿ ನಮ್ಮದು, ಕತ್ತಾಳಿ ನಮ್ಮದು, ಲಿಂಬಿ ನಮ್ಮದು. ರೊಕ್ಕನೇ ಬ್ಯಾಡ!”

“ನೀನು ಮನ್ಯಾಗ ಇಳಿಸಿದ್ರ ಅದಕ್ಕ ಟಕೀಲಾ ಅನ್ನಂಗಿಲ್ಲ, ಕಳ್ಳಭಟ್ಟಿ ಅಂತಾರ. ಅಬಕಾರಿಯವರಿಗೆ ಚಿಟಿಕಿ ಹೊಡಿಯಾಕ ನಲವತ್ತು ಸೆಕೆಂಡೂ ಬ್ಯಾಡ,” ಅಂದ ಪಂಪಣ್ಣ. “ಟಕೀಲಾ ನೀಲಿ ಕತ್ತಾಳಿದು. ಮೆಕ್ಸಿಕೋದ ಹಾಲಿಸ್ಕೊ ಅನ್ನೋ ರಾಜ್ಯ, ಮತ್ತ ಇನ್ನ ನಾಕು ರಾಜ್ಯದ ಗೊತ್ತುಮಾಡಿದ ಸೀಮಿಯೊಳಗ ಮಾಡಿದ್ರ ಮಾತ್ರ ಆ ಹೆಸರು. 1974ರಾಗ ಅವರ ಸರಕಾರ ಆ ಹೆಸರಿಗೆ ಕಟ್ಟು ಮಾಡೇತಿ. ಗಿಡ ಆರೇಳು ವರ್ಷ ಬೆಳೀಬೇಕು, ಎಲಿ ಎಲ್ಲ ಸವರಿ ನಡುವಿನ ಗಡ್ಡಿ ಬೇಯಿಸಬೇಕು, ಕೊಳಿಸಬೇಕು, ಭಟ್ಟಿ ಇಳಿಸಬೇಕು. ನಮ್ಮ ಬದುವಿನ ಕತ್ತಾಳಿ ಕೊಯ್ಯಾಕ ಹೋಗಿ ರಸ ಮೈಗೆ ಸಿಡದ್ರ ಕೆರಕೋಂತ ಕೂಡ್ತಿ.”

“ಆತು, ಬಾಟ್ಲಿನೇ ತರೋಣು. ಯಾವುದು?”

“ಮ್ಯಾಲೆ 100% ಅಗಾವೆ, ಅಂದ್ರ ಪೂರಾ ಕತ್ತಾಳಿದು, ಅಂತ ಬರದಿರಬೇಕು. ಇಲ್ಲಾಂದ್ರ ಅರ್ಧಕಿಂತ ಚೂರು ಹೆಚ್ಚು ಕತ್ತಾಳಿದು, ಉಳದದ್ದು ಬ್ಯಾರೆ ಸಕ್ರಿದು. ಬಂಗಾರ ಬಣ್ಣ ನೋಡಿ ಮೋಸ ಹೋಗಬ್ಯಾಡ, ಇದಕ್ಕ ಬಿಳಿದೇ ಬೇಕು. ಇಷ್ಟು ಕಷ್ಟಪಟ್ಟು ತಗದ ರಾಣಿ ಬಣ್ಣ ಕೆಡಬಾರದು. ಮಾರ್ಗರಿಟಾಕ್ಕ ಹಾಕೋ ಕಿತ್ತಳಿ ಲಿಕ್ಕರ್, ಅಂದ್ರ ಕಿತ್ತಳಿ ಸಿಹಿ ಮದ್ಯ, ಸಣ್ಣ ಊರಾಗ ಸಿಗೋದು ಕಷ್ಟ. ಕಿತ್ತಳಿ ಸಿಪ್ಪಿ ತೆಳ್ಳಗ ಹೆರದು, ಒಳಗಿನ ಬಿಳಿದು ಬಿಟ್ಟು, ಅದೇ ಪಾಕದ ಸಕ್ರಿಯೊಳಗ ತಿಕ್ಕಿ ತಾಸೊತ್ತು ಇಟ್ರ ಎಣ್ಣಿ ಬಿಡತೈತಿ. ಕೆಲಸ ನಡೀತೈತಿ.”

“ಒಂದು ಗ್ಲಾಸಿಗೆ?”

“60 ಎಂಎಲ್ ಟಕೀಲಾ, 30 ಲಿಂಬಿರಸ, 30 ಕಳ್ಳಿ ಪಾಕ. ಲಿಕ್ಕರ್ ಸಿಕ್ರ 15, ಆವಾಗ ಪಾಕ 20ಕ್ಕ ಇಳಿಸು. ಲಿಂಬಿಗೆ ಜುಗ್ಗತನ ಮಾಡಬ್ಯಾಡ, ಕಳ್ಳಿ ಹಣ್ಣಿನ ರಸ ಸಪ್ಪನ ಸಿಹಿ. ಹುಳಿ ಕಡಿಮಿ ಆದ್ರ ಕೆಮ್ಮಿನ ಔಷಧ ಕುಡದಂಗ ಇರತೈತಿ.”

ಅಲುಗಾಡಿಸಲು ಶೇಕರ್ ಎಲ್ಲಿ ಅಂದರೆ ಸಂತು ಸ್ಟೀಲ್ ಡಬ್ಬಿ ಅಂದ. ಡಬ್ಬಿ ಸರಿ, ಆದರೆ ಒಳಗಿನ ಗಾಳಿ ತಣ್ಣಗಾಗಿ ಕುಗ್ಗಿದರೆ ಮುಚ್ಚಳ ಒಳಕ್ಕೆ ಎಳೆದುಕೊಂಡು ಬಿಗಿಯುತ್ತದೆ, ಅಂಚಿಗೆ ಅಂಗೈಯಿಂದ ಒಂದು ಏಟು ಕೊಡಬೇಕು ಅಂದ ಪಂಪಣ್ಣ. ಹದಿನೈದು ಸೆಕೆಂಡ್ ಜೋರಾಗಿ, ಡಬ್ಬಿಯ ಹೊರಮೈ ಬೆವರುವ ತನಕ. ಐಸು ದೊಡ್ಡ ಗಡ್ಡೆ ಇರಬೇಕು. ಕರೆಂಟು ಹೋಗಿ ಬಂದು ಅರ್ಧ ಕರಗಿ ಮತ್ತೆ ಗಟ್ಟಿಯಾದ ಪುಡಿ ಐಸು ಹಾಕಿದರೆ ಮಾರ್ಗರಿಟಾ ನೀರಾಗುತ್ತದೆ. ಉಪ್ಪಿನ ವಿಷಯಕ್ಕೆ ಬಂದಾಗ ಮಾತ್ರ ಅವನ ದನಿ ಏರಿತು. “ಪುಡಿ ಉಪ್ಪು ಹಚ್ಚಬ್ಯಾಡ, ಹರಳುಪ್ಪು ಸ್ವಲ್ಪ ಕುಟ್ಟು. ಲಿಂಬಿ ಹೋಳು ಅಂಚಿನ ಹೊರಗಡೆ ಮಾತ್ರ, ಅದೂ ಅರ್ಧ ಸುತ್ತು. ಒಳಗ ಉದುರಿದ್ರ ಸಮುದ್ರ ಕುಡದಂಗ. ಆ ಹುಡುಗಿ ಗ್ಲಾಸು ತಲಿಕೆಳಗ ಮಾಡಿ ಉಪ್ಪಿನ್ಯಾಗ ಒತ್ತ್ಯಾಳ ನೋಡು. ಕುಡದಾಗಿನ ಮುಖ ಯಾಕ ತೋರಿಸಿಲ್ಲ?”

ಸಂತು ಮತ್ತೆ ಹಚ್ಚಿ ನೋಡಿದ. ಹೌದು, ಗ್ಲಾಸು ತುಟಿಗೆ ಬರುವಷ್ಟರಲ್ಲಿ ವಿಡಿಯೋ ಮುಗಿಯುತ್ತಿತ್ತು.

“ಆತು, ಎಲ್ಲಾ ಒಪ್ಪಿದೆ. ನಾಳೆ ಆದಿತ್ಯವಾರ. ಬೇಲಿಗೆ ಹೋಗಿ ಇಪ್ಪತ್ತು ಹಣ್ಣು ಕೀಳೋಣು.”

“ಯಾವ ಬೇಲಿಗೆ?” ಅಂದ ಖಾದರ್ ಭಾಯಿ.

ಸಂತು ಬಾಯಿ ತೆರೆದ. ಕೆರೆ ದಾರಿಯಲ್ಲಿ ಈಗ ತಂತಿ. ಗುಡ್ಡದ ಬುಡದಲ್ಲಿ ಪ್ಲಾಟುಗಳ ಕಲ್ಲು. ಹಳೇ ತೋಟದ ಸುತ್ತ ಇದ್ದದ್ದನ್ನು ಜೆಸಿಬಿ ಒಂದೇ ಮಧ್ಯಾಹ್ನ ಬಳಿದು ಹಾಕಿತ್ತು.

“ನಮ್ಮ ಅಬ್ಬಾ ಹೇಳ್ತಿದ್ರು, ಮೊದ್ಲು ದನ ನುಗ್ಗದಷ್ಟು ದಟ್ಟ ಇತ್ತಂತ. ಬಿಳೆ ಬೂಷ್ಟು ಬಂದು ಕೊಳತು ಹೋತಂತ,” ಅಂದ ಖಾದರ್.

“ಹುಳ ಅದು, ಭಾಯಿ. ಬೂಷ್ಟು ಉಜ್ಜಿದ್ರ ಕೆಂಪು ಬಣ್ಣ ಬರತೈತಿ. 1795ರಾಗ ಬಣ್ಣದ ಆಸೆಗೆ ಇಂಗ್ಲಿಷರು ಈ ಹುಳದ ಒಂದು ಜಾತಿ ತಂದ್ರು, ಬಣ್ಣ ಸರಿ ಬರಲಿಲ್ಲ. 1926ರಾಗ ಶ್ರೀಲಂಕಾದಿಂದ ಇನ್ನೊಂದು ಜಾತಿ ಬಂತು, ಕಳ್ಳಿ ಕೊಲ್ಲಾಕಂತನೇ. ಕಳ್ಳಿ ಹೊಲ ನುಂಗಿತ್ತು, ಹುಳ ಕಳ್ಳಿ ನುಂಗಿತು. ಕಳ್ಳಿನೂ ಅಮೆರಿಕ ಖಂಡದ್ದೇ, ಮೆಕ್ಸಿಕೋದವರು ಬಾವುಟದ ಮ್ಯಾಲೆ ಇಟ್ಕೊಂಡಾರ. ನಾವು ಬೇಲಿ ಮಾಡಿ, ಬೈದು, ಹಣ್ಣು ತಿಂದು, ತುಟಿ ಕೆಂಪು ಮಾಡ್ಕೊಂಡು ಮನಿಗೆ ಹೋಗಿ ಬೈಸ್ಕೊಂಡು ದೊಡ್ಡವರಾದ್ವಿ.”

ಮಾಸ್ತರು ಏನೋ ಹೇಳಲು ಹೋಗಿ ಚಾ ಕುಡಿದರು.

“ಆನ್‌ಲೈನ್ ಸಿಗ್ತಾವಂತ,” ಅಂದ ಸಂತು, ಮೊಬೈಲ್ ತಿರುವುತ್ತ. “ಪಾಕನೇ ಬಾಟ್ಲಿಯೊಳಗ ಬರತೈತಿ. ಮುಳ್ಳಿಲ್ಲ, ಬೀಜಿಲ್ಲ.”

“ತರಿಸು. ಅದರಾಗ ಕಳ್ಳಿ ಎಷ್ಟು, ಬರೇ ಬಣ್ಣ ಎಷ್ಟು ಅಂತ ಹಿಂದಿನ ಚೀಟಿ ಓದಿ ತರಿಸು. ಚಿಟಿಕಿನೂ ಅವರೇ ಹೊಡದು ಕಳಿಸ್ತಾರ.”

“ಬ್ಯಾಡ, ಆನೆಗುಂದಿ ಕಡೆ ಬಂಡಿಗಲ್ಲಿನ ಸಂದಿಯೊಳಗ ಇನ್ನೂ ಅದಾವು,” ಅಂದ ಖಾದರ್ ಭಾಯಿ. “ನಸುಕಿನ್ಯಾಗ ಹೋಗಿ ತರ್ತೀನಿ. ಮೊದಲ್ನೇ ಗ್ಲಾಸು ಶರಬತ್, ಅದು ನಂದು.”

ಪಂಪಣ್ಣ ಒಪ್ಪಿದ. ಪೂರಾ ನೇರಳೆಗೆ ತಿರುಗಿದ್ದು ಮಾತ್ರ ಕೀಳು, ಹಸಿರು ಉಳಿದದ್ದು ಬಿಡು, ಮತ್ತೆ ಪ್ಲಾಸ್ಟಿಕ್ ಚೀಲದಲ್ಲಿ ತರಬೇಡ, ಮುಳ್ಳು ತೂರಿ ತೊಡೆಗೆ ನಾಟುತ್ತವೆ, ಡಬ್ಬಿ ಒಯ್ಯಿ ಅಂತ ಹೇಳಿ ಎದ್ದ. ನಾಲ್ಕು ಹೆಜ್ಜೆ ಹೋಗಿ ಮತ್ತೆ ತಿರುಗಿದ.

“ಸಂತು, ಸೋಮವಾರ ಮುಂಜಾನೆ ಬಚ್ಚಲದಾಗ ಕೆಂಪು ಕಂಡ್ರ ಹೆದರಿ ಡಾಕ್ಟರ ಕಡೆ ಓಡಬ್ಯಾಡ. ಬೀಟ್‌ರೂಟ್ ತಿಂದಾಗ ಹೋಗತೈತಲ್ಲ, ಅದೇ ಬಣ್ಣ.”

“ಅದನ್ನ ವಿಡಿಯೋ ಮಾಡಿ ಹಾಕಲೇನು?”

“ಹಾಕು. ಅದೊಂದನ್ನ ಮಾತ್ರ ಕಟ್ ಮಾಡು.”