ಕಲ್ಪನಾಲೋಕದ ಪಂಡಿತೆಯ ಬದುಕು ಬರೆಯುತ್ತಿದ್ದೇನೆ, ಜೀವ ಬರ್ತಿಲ್ಲ

ಬಾವಿಕಟ್ಟೆ (ಮೈಸೂರು):
ಎಲ್ಲರಿಗೂ ನಮಸ್ಕಾರ. ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಆ ಲೋಕದಲ್ಲಿ ಸತ್ತವರ ಮಾತು ಊರಿನ ಬಾವಿಯಲ್ಲಿ ಉಳಿದುಕೊಳ್ಳುತ್ತದೆ. ನೀಲವ್ವ ಅನ್ನುವ ಪಂಡಿತೆ ಊರೂರು ಅಲೆದು, ಬಾವಿಗೆ ಬಗ್ಗಿ ಕಿವಿಗೊಟ್ಟು, ಕೇಳಿದ್ದನ್ನೆಲ್ಲ ಬರೆದಿಡುತ್ತಾಳೆ. ಅವಳ ಜೀವನ ಮೂರು ಪುಟ ಬರೆದೆ. ಹುಟ್ಟಿದ್ದು, ಗುರು ಸಿಕ್ಕಿದ್ದು, ವಾದದಲ್ಲಿ ಗೆದ್ದಿದ್ದು, ರಾಜ ಬಿರುದು ಕೊಟ್ಟಿದ್ದು, ತೀರಿಕೊಂಡಿದ್ದು. ಓದಿದರೆ ಹೈಸ್ಕೂಲ್ ಪುಸ್ತಕದ ಕವಿ ಪರಿಚಯದ ಹಾಗೇ ಇದೆ. ನಾನು ಅವಳನ್ನು ತುಂಬಾ ಹಚ್ಚಿಕೊಂಡುಬಿಟ್ಟಿದ್ದೇನೆ, ಹೀಗೆ ಒಣಗಿಸಿ ಬಿಡೋಕೆ ಮನಸ್ಸಿಲ್ಲ. ಏನು ಮಾಡಲಿ?

ಓಲೆಗರಿ (ಮೈಸೂರು):
ಬಿರುದು ಆಮೇಲೆ. ಅವಳು ಯಾವುದರ ಮೇಲೆ ಬರೆಯುತ್ತಾಳೆ ಅಂತ ಮೊದಲು ಹೇಳಿ. ನಾನು ಹಸ್ತಪ್ರತಿ ಓದೋದು ಕಲಿಯುತ್ತಿದ್ದೇನೆ, ಅದಕ್ಕೇ ಕೇಳಿದ್ದು. ನಮ್ಮ ಕಡೆ ತಾಳೆಗರಿ ಮೇಲೆ ಕಂಠದಿಂದ, ಅಂದರೆ ಕಬ್ಬಿಣದ ಮೊನೆಯಿಂದ, ಕೊರೆಯುತ್ತಿದ್ದರು. ಕೊರೆಯುವಾಗ ಅಕ್ಷರ ಸರಿಯಾಗಿ ಕಾಣಿಸೋದೇ ಇಲ್ಲ. ಎಣ್ಣೆಯಲ್ಲಿ ಕಲಸಿದ ದೀಪದ ಮಸಿ ಸವರಿ ಒರೆಸಿದರೆ ಗೆರೆಯೊಳಗೆ ಮಾತ್ರ ಕಪ್ಪು ನಿಲ್ಲುತ್ತೆ, ಆಗ ಸಾಲು ಎದ್ದು ಬರುತ್ತೆ. ನಿಮ್ಮ ನೀಲವ್ವ ಸತ್ತವರ ಮಾತನ್ನು ಹಗಲೆಲ್ಲ ಕಾಣದ ಅಕ್ಷರದಲ್ಲಿ ಕೊರೆದು, ಸಂಜೆ ಮಸಿ ಸವರಿದ ಮೇಲೇ ಏನು ಬರೆದೆ ಅಂತ ನೋಡೋದು, ಅಷ್ಟು ಹೊತ್ತಿಗೆ ತಪ್ಪು ಕಂಡರೂ ಅಳಿಸೋಕಾಗಲ್ಲ. ಪ್ರತಿ ಮಾಡಿದವರು ಎಷ್ಟೋ ಓಲೆಕಟ್ಟುಗಳ ಕೊನೆಯಲ್ಲಿ ಒಂದು ಶ್ಲೋಕ ಬರೆದಿರುತ್ತಾರೆ. ಬೆನ್ನು, ಸೊಂಟ, ಕತ್ತು ಮುರಿದುಹೋಗಿದೆ, ಕಣ್ಣು ನೆಟ್ಟು ತಲೆ ಬಗ್ಗಿಸಿ ಕಷ್ಟಪಟ್ಟು ಬರೆದಿದ್ದೇನೆ, ಜೋಪಾನ ಮಾಡಿ ಅಂತ. ಅದನ್ನು ಓದಿದಾಗಲೆಲ್ಲ ನನಗೆ ಗಂಟಲು ಕಟ್ಟುತ್ತೆ.

ಇನ್ನೊಂದು ಮಾತು. 1905ರಲ್ಲಿ ನಮ್ಮ ಮೈಸೂರಿನ ಓರಿಯಂಟಲ್ ಲೈಬ್ರರಿಗೆ ಒಂದು ಓಲೆಕಟ್ಟು ಬಂತು, ತಮಿಳುನಾಡಿನ ಕಡೆ ಸಂಸ್ಕೃತ ಬರೆಯೋಕೆ ಬಳಸುತ್ತಿದ್ದ 'ಗ್ರಂಥ' ಅನ್ನುವ ಲಿಪಿಯಲ್ಲಿತ್ತು. ಆರ್. ಶಾಮಾಶಾಸ್ತ್ರಿಗಳು ಓದಿ ನೋಡಿದರೆ ಕೌಟಿಲ್ಯನ ಅರ್ಥಶಾಸ್ತ್ರ! 1909ರಲ್ಲಿ ಅಚ್ಚಾಯಿತು. ತಂದುಕೊಟ್ಟವರು ಮಾತ್ರ ಎಲ್ಲಿ ನೋಡಿದರೂ 'ತಂಜಾವೂರು ಕಡೆಯ ಒಬ್ಬ ಪಂಡಿತರು' ಅಷ್ಟೇ. ನೀಲವ್ವನ ಸುತ್ತ ಅಂಥ, ಹೆಸರು ಉಳಿಯದ ಒಬ್ಬರು ಇರಲಿ.

ಮುಂಗಾರು (ಮಂಡ್ಯ):
ಓಲೆಗರಿ ಅಕ್ಕ ಹೇಳಿದ್ದು ಸರಿ, ಆದರೆ ಬಾವಿಗೆ ಬಗ್ಗಿಕೊಂಡು ಓಲೆ ಕೊರೆಯೋಕಾಗುತ್ತಾ? ಅಲ್ಲಿಗೆ ಕಡತ ಬೇಕು. ಬಟ್ಟೆಗೆ ಹುಣಸೆಬೀಜದ ಅಂಟು, ಇದ್ದಿಲ ಪುಡಿ ಬಳಿದು ಒಣಗಿಸಿ ಮಡಚಿದ ಕಪ್ಪು ಪುಸ್ತಕ ಅದು. ನಮ್ಮ ಮುತ್ತಾತ ಶಾನುಭೋಗರು, ಅವರದೊಂದು ಅಟ್ಟದ ಮೇಲೆ ಇತ್ತು. ನಾನು ಚಿಕ್ಕವನಿದ್ದಾಗ ಬೆರಳಾಡಿಸಿದ್ದೆ, ಹಲಗೆ ಥರ ಗಟ್ಟಿ, ಮಡಿಕೆಯಲ್ಲಿ ಮಾತ್ರ ಸವೆದು ನೂಲು ಕಾಣುತ್ತಿತ್ತು. ಬಳಪದಲ್ಲಿ ಬರೆಯೋದು, ಒರೆಸಿದರೆ ಹೋಗುತ್ತೆ. ನೀಲವ್ವ ಬಾವಿಯ ಹತ್ತಿರ ಕಡತದಲ್ಲಿ ಬರೆದುಕೊಂಡು ಮನೆಗೆ ಬಂದು ಓಲೆಗೆ ಇಳಿಸಬೇಕು. ಕಡತದಲ್ಲಿ ಜಾಗ ಮುಗಿದು, ಮುಂದಿನ ಊರಿನ ಬಾವಿ ಕೂಗುತ್ತಿದ್ದರೆ? ಯಾರ ಮಾತು ಒರೆಸುತ್ತಾಳೆ? ನಿಮ್ಮ ಕಥೆ ಅಲ್ಲೇ ಇದೆ.

ಮತ್ತೆ ಅವಳಿಗೆ ಊಟ ಯಾರು ಹಾಕ್ತಾರೆ ಅಂತಲೂ ಬರೆಯಿರಿ. ಸತ್ತವರ ಮನೆಯವರೇ ಹಾಕೋದಾದರೆ, ಉಂಡ ಮನೆಯ ಹಿರಿಯರು ಬಾವಿಯಲ್ಲಿ ಕೆಟ್ಟದ್ದು ಹೇಳಿದ್ದನ್ನು ಬರೆಯೋದು ಕಷ್ಟ ಅಲ್ವಾ.

ಕಟ್ಟೆಪುರಾಣ:
ರಾಜನನ್ನು ಸುಮ್ನೆ ಕೈಬಿಡಬೇಡಿ. ಯಾವುದು ಉಳಿಯುತ್ತೆ ಅನ್ನೋದನ್ನು ದುಡ್ಡು ಹಾಕುವವರೂ ತೀರ್ಮಾನಿಸುತ್ತಾರೆ. 10ನೇ ಶತಮಾನದಲ್ಲಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣವನ್ನು 1000 ಪ್ರತಿ ಮಾಡಿಸಿ ಹಂಚಿದಳು. ಒಂದೊಂದನ್ನೂ ಕೈಯಲ್ಲೇ ಬರೆಯಬೇಕಿತ್ತು. ನೀಲವ್ವನಿಗೂ ಅಂಥ ಒಬ್ಬಳು ಸಿಗಲಿ. ಬಿರುದಿಗಿಂತ ಅದು ದೊಡ್ಡದು.

ಬಾವಿಕಟ್ಟೆ (ಮೈಸೂರು):
ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಮೂರು ಪುಟವನ್ನೂ ತೆಗೆದುಹಾಕಿದೆ. ಈಗ ಶುರು ಹೀಗಿದೆ, ನೋಡಿ:

"ಕಡತದಲ್ಲಿ ಒಂದೇ ಮಡಿಕೆ ಉಳಿದಿತ್ತು. ಅದರಲ್ಲಿ ಅವಳ ತಾಯಿಯ ಮಾತಿತ್ತು, ಇನ್ನೂ ಓಲೆಗೆ ಇಳಿಸಿರಲಿಲ್ಲ. ಬಾವಿಯೊಳಗೆ ಯಾವುದೋ ಮಗು ಮಾತಾಡೋಕೆ ಶುರು ಮಾಡಿತು. ನೀಲವ್ವ ಒದ್ದೆ ಬಟ್ಟೆ ಕೈಗೆ ತೆಗೆದುಕೊಂಡಳು."