ಜೋ ಹತ್ತಿದ ದೋಣಿ ಎಲ್ಲಿಗೆ ಹೋಯಿತು?

ಸಂಜೆಗಣ್ಣು: ಎಡಿಸನ್ ಕಂಪನಿಯವರು 1912ರಲ್ಲಿ ತೆಗೆದ ‘ದಿ ಲ್ಯಾಂಡ್ ಬಿಯಾಂಡ್ ದಿ ಸನ್‌ಸೆಟ್’ ಎಂಬ ಮೂಕಿ ಕಿರುಚಿತ್ರವನ್ನು ಮೊನ್ನೆ ನೋಡಿದೆ. ನ್ಯೂಯಾರ್ಕಿನಲ್ಲಿ ಪತ್ರಿಕೆ ಮಾರುತ್ತ, ಮನೆಯಲ್ಲಿ ಅಜ್ಜಿಯ ಹೊಡೆತ ತಿನ್ನುತ್ತ ಬದುಕುವ ಜೋ ಎಂಬ ಹುಡುಗ ಒಂದು ದಿನದ ವನಭೋಜನಕ್ಕೆ ಹೋಗುತ್ತಾನೆ. ನೊಂದ ರಾಜಕುಮಾರನನ್ನು ಯಕ್ಷಿಣಿಯರು ದೋಣಿಯಲ್ಲಿ ಸೂರ್ಯಾಸ್ತದಾಚೆಯ ನಾಡಿಗೆ ಕರೆದೊಯ್ದ ಕಥೆಯನ್ನು ಅಲ್ಲಿ ಕೇಳಿ, ಉಳಿದ ಮಕ್ಕಳು ಊರಿಗೆ ಹೊರಟಾಗ ಅವಿತುಕೊಂಡು, ದಡದಲ್ಲಿದ್ದ ದೋಣಿಯೊಂದನ್ನು ಹತ್ತಿ ಕಡಲಿಗೆ ಇಳಿದುಬಿಡುತ್ತಾನೆ. ಬಡಮಕ್ಕಳಿಗೆ ನಗರದಾಚೆಯ ಗಾಳಿ ಬೆಳಕು ಕಾಣಿಸುವ ಫ್ರೆಶ್ ಏರ್ ಫಂಡ್ ಜೊತೆಗೂಡಿ ಮಾಡಿದ ಚಿತ್ರಕ್ಕೆ ಇಂಥ ಕೊನೆ ಏಕೆ? ಇದು ಬಿಡುಗಡೆಯೋ, ಸಾವೋ?

ಹಳೇ ರೀಲು: ಕೊನೆಯ ಶಾಟನ್ನು ಇನ್ನೊಮ್ಮೆ ನೋಡಿ. ಕ್ಯಾಮೆರಾ ದಡ ಬಿಟ್ಟು ಕದಲುವುದಿಲ್ಲ, ದೋಣಿ ಮಾತ್ರ ಅಲೆಗಳ ಮೇಲೆ ತೂಗುತ್ತ ಕಿರಿದಾಗುತ್ತ ಹೋಗುತ್ತದೆ. ಕಥೆಯ ರಾಜಕುಮಾರನಿಗೆ ಯಕ್ಷಿಣಿಯರ ಜೊತೆಯಿತ್ತು, ಜೋ ಒಬ್ಬಂಟಿ. ಇಲ್ಲದ್ದನ್ನು ಇದ್ದಂತೆ ತೋರಿಸುವ ಟ್ರಿಕ್ ಛಾಯಾಗ್ರಹಣ ಆ ಹೊತ್ತಿಗೆ ಹೊಸದೇನೂ ಅಲ್ಲವಾದ್ದರಿಂದ ನಿರ್ದೇಶಕ ಹೆರಾಲ್ಡ್ ಶಾ ಮನಸ್ಸು ಮಾಡಿದ್ದರೆ ಆಚೆಯ ನಾಡನ್ನೂ ತೋರಿಸಬಹುದಿತ್ತು. ತೋರಿಸಲಿಲ್ಲ. ನನ್ನ ಮಟ್ಟಿಗೆ ಇದು ಸಾವೇ.

ಅಂದಹಾಗೆ, ಆಗಿನ ಮೂಕಿಗಳನ್ನು ಸಾಮಾನ್ಯವಾಗಿ ಇನ್ನೂ ಕಡಿಮೆ ವೇಗದಲ್ಲಿ ತೆಗೆಯುತ್ತಿದ್ದುದರಿಂದ, ಸೆಕೆಂಡಿಗೆ 24 ಚೌಕಟ್ಟುಗಳ ವೇಗದಲ್ಲಿ ಓಡಿಸಿದ ಪ್ರತಿಯಾದರೆ ದೋಣಿ ಬಸ್ಸು ಹಿಡಿಯಲು ಹೊರಟಂತೆ ಕಾಣುತ್ತದೆ. ಸುಮಾರು 14 ನಿಮಿಷ ಓಡುವ ಪ್ರತಿಯನ್ನೇ ಹುಡುಕಿ.

ಕಡಲತಡಿಯವ: ಸಾವು ಎಂದು ಅಷ್ಟು ಬೇಗ ತೀರ್ಪು ಕೊಡಲು ನಾನು ಒಪ್ಪಲಾರೆ. ಕಥೆ ಬರೆದ ಡೊರೊಥಿ ಶೋರ್, ಹುಡುಗ ಕೇಳಿದ ಕಥೆಯನ್ನು ಅವನು ಅಕ್ಷರಶಃ ನಂಬಿದನೆಂದಷ್ಟೇ ಹೇಳಿ ನಿಲ್ಲಿಸಿದ್ದಾರೆ. ಮುಳುಗಿಸುತ್ತಿರುವವರು ದಡದಲ್ಲಿ ಕುಳಿತ ನಾವು. ಫಂಡ್ ಶುರುವಾದದ್ದು 1877ರಲ್ಲಿ, ಅಂದರೆ ಚಿತ್ರಕ್ಕೆ 35 ವರ್ಷ ಮೊದಲು, ಮತ್ತು ಅವರಿಗೆ ಬೇಕಿದ್ದದ್ದು ದೇಣಿಗೆ. ಹುಡುಗನನ್ನು ಯಾರೋ ಸಾಕಿಕೊಂಡರೆಂದು ಮುಗಿಸಿದ್ದರೆ ನೋಡುಗರು ಕಣ್ಣೊರೆಸಿಕೊಂಡು ನೆಮ್ಮದಿಯಿಂದ ಎದ್ದುಹೋಗುತ್ತಿದ್ದರು. ಇಲ್ಲಿ ಹಾಗಾಗುವುದಿಲ್ಲ: ಹಸಿರನ್ನೂ ಕಡಲನ್ನೂ ಒಂದು ಹಗಲು ತೋರಿಸಿ ಸಂಜೆಗೆ ಅದೇ ಕತ್ತಲೆ ಕೋಣೆಗೆ ಅಟ್ಟುವುದು ಎಂಥ ದಯೆ ಎಂಬ ಪ್ರಶ್ನೆ, ಹಣ ಕೇಳಲು ಬಂದ ಚಿತ್ರದೊಳಗಿಂದಲೇ ಏಳುತ್ತದೆ. ಕಾಪಾಡಬೇಕಾದ ಚಿತ್ರಗಳನ್ನು ಗುರುತಿಸುವ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಪಟ್ಟಿಗೆ 2000ದಲ್ಲಿ ಇದು ಸೇರಿದ್ದು ನನಗಂತೂ ಆಶ್ಚರ್ಯವಲ್ಲ.

ಸಂಜೆಗಣ್ಣು: ಇಬ್ಬರಿಗೂ ಧನ್ಯವಾದಗಳು. ನೀವು ಹೇಳಿದ ವೇಗದ ಪ್ರತಿಯನ್ನು ನಿನ್ನೆ ಮಗಳೊಂದಿಗೆ ಕುಳಿತು ನೋಡಿದೆ. ಅವಳಿಗೆ ಸಾವಿನ ಯೋಚನೆಯೇ ಬರಲಿಲ್ಲ. ದೋಣಿ ಚುಕ್ಕಿಯಷ್ಟಾಗುವವರೆಗೂ ಸುಮ್ಮನಿದ್ದು, “ನಾಳೆ ಅವನ ಪೇಪರ್ ಯಾರು ಮಾರ್ತಾರೆ?” ಎಂದು ಕೇಳಿದಳು.